ಎಷ್ಟು ದಿನ ಇರ್ತೀರಿ?

ಜನವರಿ 12

ತಮ್ಮನಿಗೆ,

ನೀನು ಹಾಸ್ಟೆಲಿನಲ್ಲಿ ಓದುತ್ತಿದ್ದಾಗ ನಾನು ಬರೆದ ಪ್ರತಿ ಪತ್ರದ ತಲೆಯ ಮೇಲೂ ಆಶೀರ್ವಾದ ಇರುತ್ತಿತ್ತು. ಈ ಸಲ ಬೇಕೆಂದೇ ಬಿಟ್ಟಿದ್ದೇನೆ. ಹುಡುಕಬೇಡ.

ನಿನ್ನ ನಂಬರನ್ನು ಬ್ಲಾಕ್ ಮಾಡಿದ್ದೇನೆ. ನಿನ್ನ ಅಂಗಡಿಯದು, ನಿನ್ನ ಹೆಂಡತಿಯದು, ಎಲ್ಲವನ್ನೂ. ಹೇಳುವುದೇನಾದರೂ ಇದ್ದರೆ ಕಾಗದದ ಮೇಲೆ ಬರೆದು ಅಂಚೆಗೆ ಹಾಕು. ಫೋನಿನಲ್ಲಿ ನೀನು 'ಅಕ್ಕಾ' ಎಂದು ರಾಗ ಎಳೆದರೆ ನಾನು ಕರಗಿಹೋಗುತ್ತೇನೆ. ಸದ್ಯಕ್ಕೆ ಕರಗುವ ಮನಸ್ಸಿಲ್ಲ.

ಪಿತ್ತಕೋಶದ ಆಪರೇಷನ್ ಆಗಿ, ಹೊಲಿಗೆ ಬಿಚ್ಚುವವರೆಗೆ ನಿನ್ನ ಮನೆಯಲ್ಲಿ ಇರೋಣವೆಂದು ಸೂಟ್‌ಕೇಸ್ ಹಿಡಿದು ಬಂದೆ. ನಿನ್ನ ಹೆಂಡತಿ ಬಾಗಿಲು ತೆರೆದು ಮೊದಲು ಸೂಟ್‌ಕೇಸನ್ನು ನೋಡಿದಳು, ಆಮೇಲೆ ನನ್ನನ್ನು. "ಬನ್ನಿ ಅಕ್ಕಾ. ಎಷ್ಟು ದಿನ ಇರ್ತೀರಿ?" ಅಂದಳು. ನೀನು ಅಲ್ಲೇ ಊಟ ಮಾಡುತ್ತಿದ್ದೆ. ತಟ್ಟೆಯಿಂದ ತಲೆ ಎತ್ತಲಿಲ್ಲ.

ಮನೆಯ ನಕ್ಷೆ ಬಂದ ದಿನ ಮುಂದಿನ ರೂಮಿನ ಮೇಲೆ ಬೆರಳಿಟ್ಟು "ಇದು ಅಕ್ಕನ ರೂಮು" ಅಂದವನು ನೀನೇ. ಈಗ ಅದು ನಿನ್ನ ಅಂಗಡಿಯ ಗೋದಾಮು. ಫೋಟೋಗೆ ಕಟ್ಟು ಹಾಕುವ ಪಟ್ಟಿಗಳು, ಗಾಜು, ಗೋಡೆಗೆ ಒರಗಿಸಿಟ್ಟ ಕನ್ನಡಿಗಳು. ಅವುಗಳ ನಡುವೆ ಚಾಪೆ ಹಾಸಿಕೊಟ್ಟಿರಿ. ಯಾವ ಕಡೆ ಹೊರಳಿದರೂ ಹೊಟ್ಟೆ ಹಿಡಿದುಕೊಂಡ ನನ್ನ ಮುಖವೇ ಕಾಣುತ್ತಿತ್ತು. ಬೆಳಗಾಗುವುದನ್ನೇ ಕಾದು ಎದ್ದು ಬಂದೆ. ಇನ್ನು ಆ ಹೊಸ್ತಿಲು ತುಳಿದರೆ ಮನೆಯ ಒಡತಿಯಾಗಿಯೇ ತುಳಿಯುತ್ತೇನೆ. ಇಲ್ಲವೆಂದರೆ ಈ ಜನ್ಮದಲ್ಲಿ ಇಲ್ಲ.

ಈಗ ನಿನ್ನೆಯ ವಿಷಯ. ನಮ್ಮ ಆಸ್ಪತ್ರೆಯವರು ಕ್ವಾರ್ಟರ್ಸ್ ಕೆಡವುತ್ತಾರಂತೆ. ಈ ವರ್ಷದೊಳಗೆ ನನ್ನ ಒಂಟಿ ರೂಮು ಖಾಲಿ ಮಾಡಬೇಕು. ಎರಡು ಕೋಣೆಯ ಪುಟ್ಟ ಮನೆಗೆ ಸಾಲ ಸಿಗುತ್ತದೆಯೇ ಎಂದು ಬ್ಯಾಂಕಿಗೆ ಹೋದೆ. ಸಾಲದ ವಿಭಾಗದ ಹೆಂಗಸು ಕಂಪ್ಯೂಟರ್ ನೋಡಿ, "ನಿಮ್ಮ ಹೆಸರಲ್ಲಿ ಆಗ್ಲೇ ಮನೆಸಾಲ ಇದೆಯಲ್ಲ ಮೇಡಂ, ಇನ್ನೊಂದು ಕೊಡೋಕಾಗಲ್ಲ" ಅಂದಳು. ಅದು ನಿನ್ನ ಸಾಲ. ಅಂಗಡಿಯ ಆದಾಯ ಏರುಪೇರು ಎಂದು ಬ್ಯಾಂಕಿನವರು ಮೂಗು ಮುರಿದಾಗ, ನನ್ನ ಸಂಬಳದ ಚೀಟಿ ಕೊಟ್ಟು ಸಹ-ಸಾಲಗಾರ್ತಿ ಎಂದು ಸಹಿ ಹಾಕಿದ ಸಾಲ. ಮುಂಗಡಕ್ಕೆ ನನ್ನ ಉಳಿತಾಯವನ್ನೆಲ್ಲ ಸುರಿದ ಸಾಲ. ಕ್ರಯಪತ್ರದಲ್ಲಿ ಮಾತ್ರ ನಿನ್ನ ಹೆಸರೊಂದೇ. "ಆಮೇಲೆ ಸೇರಿಸಿದರಾಯ್ತು ಬಿಡಕ್ಕ" ಅಂದಿದ್ದೆ.

ಇಪ್ಪತ್ತು ವರ್ಷದ ಸಾಲ, ಆರು ವರ್ಷ ಕಟ್ಟಿದ್ದೇವೆ, ಇನ್ನು ಹದಿನಾಲ್ಕು ಉಳಿದಿರಬೇಕಲ್ಲವೇ ಎಂದು ಕೇಳಿದೆ. ಇಪ್ಪತ್ತೊಂದೂವರೆ ಉಳಿದಿದೆ ಅಂದಳು! ಆರು ವರ್ಷ ನಡೆದು, ಹೊರಟ ಜಾಗಕ್ಕಿಂತ ಹಿಂದೆ ನಿಂತಿದ್ದೇವೆ.

"ಬಡ್ಡಿ ಏರ್ದಾಗ ಕಂತು ಏರ್ಸಲ್ಲ ಮೇಡಂ, ಜನಕ್ಕೆ ಭಾರ ಆಗತ್ತೆ. ವರ್ಷ ಏರಿಸ್ತೀವಿ."

"ವರ್ಷ ಭಾರ ಆಗಲ್ವಾ?"

"ಅದು ಸದ್ಯಕ್ಕೆ ಗೊತ್ತಾಗಲ್ಲ."

ಕಂತು ಒಂದು ಪೈಸೆಯೂ ಏರಿಲ್ಲ ಎಂದು ನೀನು ಬೀಗುತ್ತಿದ್ದೆಯಲ್ಲ, ಅದರ ಗುಟ್ಟು ಇದು. ಆರು ವರ್ಷದಲ್ಲಿ ಹದಿನೆಂಟು ಮುಕ್ಕಾಲು ಲಕ್ಷ ಕಟ್ಟಿದ್ದೀಯ. ಅಸಲು ಕರಗಿದ್ದು ನಾಲ್ಕು ಲಕ್ಷವೂ ಇಲ್ಲ. ಮೂವತ್ತು ಲಕ್ಷ ತಂದವನು ಕೊನೆಗೆ ಕಟ್ಟುವುದು ಎಂಬತ್ತಾರು ಲಕ್ಷ. ನಿನಗೊಂದು ಮನೆ ಕಟ್ಟಿಕೊಳ್ಳುವಷ್ಟರಲ್ಲಿ ಬ್ಯಾಂಕಿಗೆ ಎರಡು ಮನೆ ಕಟ್ಟಿಸಿಕೊಟ್ಟಿರುತ್ತೀಯ. ಅಷ್ಟು ಹೊತ್ತಿಗೆ ನನಗೆ ಅರವತ್ತಾರರ ಹತ್ತಿರ. ಅಲ್ಲಿಯವರೆಗೆ ಸ್ವಂತ ಮನೆಯ ಮಾತೇ ಇಲ್ಲ.

ಹೊರಡುವಾಗ ಆ ಹೆಂಗಸು ಇನ್ನೊಂದು ಮಾತು ಹೇಳಿದಳು. ನಿನಗೆ ಉಪಯೋಗಕ್ಕೆ ಬರುವ ಮಾತು. ಹೇಳುವುದಿಲ್ಲ.

ನಿನ್ನ ಸಹ-ಸಾಲಗಾರ್ತಿ,
ಅಕ್ಕ


ಜನವರಿ 24

ಪ್ರೀತಿಯ ಅಕ್ಕಾ,

ನಮಸ್ಕಾರ. ಆಶೀರ್ವಾದ ನೀನು ಬಿಟ್ಟರೂ ನಮಸ್ಕಾರ ನಾನು ಬಿಡುವುದಿಲ್ಲ.

ನಿನ್ನ ಪತ್ರ ಓದಿ ಬ್ಯಾಂಕಿಗೆ ಓಡಿದೆ. ನೀನು ಹೇಳದೆ ಉಳಿಸಿದ ಮಾತು ಏನೆಂದು ಗೊತ್ತಾಯಿತು. ಹೊಸದಾಗಿ ಸಾಲ ತೆಗೆದುಕೊಳ್ಳುವವರಿಗೆ ಬಡ್ಡಿ ಎಂಟು ಮುಕ್ಕಾಲು. ನಮ್ಮಂಥ ಹಳಬರಿಗೆ ಹತ್ತು ಮುಕ್ಕಾಲು. ಅರ್ಜಿ ಕೊಟ್ಟು ಸ್ವಲ್ಪ ಶುಲ್ಕ ಕಟ್ಟಿದರೆ ನಮಗೂ ಇಳಿಸುತ್ತಾರೆ. ಕೇಳದಿದ್ದರೆ ಇಳಿಸುವುದಿಲ್ಲ, ಕೇಳಬಹುದು ಎಂದು ಹೇಳುವುದೂ ಇಲ್ಲ. ಇಳಿಸಿದರೆ ಆರು ವರ್ಷಕ್ಕೂ ಹೆಚ್ಚಿನ ಕಂತು ಉಳಿಯುತ್ತದೆ, ಹತ್ತಿರ ಹತ್ತಿರ ಇಪ್ಪತ್ತು ಲಕ್ಷ.

ಅರ್ಜಿಗೆ ಇಬ್ಬರ ಸಹಿಯೂ ಬೇಕು. ಫಾರಂ ಜೊತೆಗಿಟ್ಟಿದ್ದೇನೆ. ನೀನು ಸಹಿ ಮಾಡಬೇಕಾದ ಕಡೆ ಪೆನ್ಸಿಲಿನಲ್ಲಿ ಗುರುತು ಹಾಕಿದ್ದೇನೆ. ಸಿಟ್ಟು ನನ್ನ ಮೇಲೆ ಇರಲಿ, ಸಾಲದ ಮೇಲೆ ಯಾಕೆ?

ಆ ದಿನದ ವಿಷಯ ಎದುರಿಗೆ ಕೂತು ಮಾತಾಡೋಣ. ಇಲ್ಲಿ ರಸ್ತೆಯುದ್ದಕ್ಕೂ ಏನೋ ಅಗೆಯುತ್ತಿದ್ದಾರೆ, ಅಂಚೆಯವನು ಗುಂಡಿ ಹಾರಿಕೊಂಡು ಬರುತ್ತಾನೆ. ಕಾಗದ ತಡವಾಗಿ ತಲುಪಿದರೆ ತಪ್ಪು ತಿಳಿಯಬೇಡ.

ನಿನ್ನ,
ತಮ್ಮ


ಫೆಬ್ರವರಿ 20

ತಮ್ಮನಿಗೆ,

ನಿನ್ನ ಪತ್ರ ಜನವರಿ ಇಪ್ಪತ್ತೆಂಟಕ್ಕೇ ಸಿಕ್ಕಿತು. ನಿಮ್ಮ ಅಂಚೆಯವನನ್ನು ದೂರಬೇಡ. ಒಡೆದು ಓದಿ, ಕಿಟಕಿಯ ಕಟ್ಟೆಯ ಮೇಲಿಟ್ಟು, ಮೂರು ವಾರ ಅದನ್ನು ನೋಡುತ್ತಾ ಚಹಾ ಕುಡಿದೆ. ಇಷ್ಟು ರುಚಿಯ ಚಹಾ ಕುಡಿದು ಬಹಳ ವರ್ಷವಾಗಿತ್ತು.

ನನ್ನ ಕೆಲಸ ನಿನಗೆ ಗೊತ್ತಲ್ಲ. ಎಕ್ಸ್-ರೇ ಯಂತ್ರದ ಮುಂದೆ ಜನರನ್ನು ನಿಲ್ಲಿಸಿ, "ಉಸಿರು ಬಿಗಿ ಹಿಡೀರಿ, ಅಲ್ಲಾಡ್ಬೇಡಿ" ಅನ್ನುವುದು. ಎಂಥೆಂಥ ದೊಡ್ಡ ಮನುಷ್ಯರೂ ನಾನು "ಬಿಡಿ" ಅನ್ನುವವರೆಗೆ ಎದೆ ಸೆಟೆಸಿ ನಿಂತಿರುತ್ತಾರೆ. ಈಗ ನಿನ್ನ ಸರದಿ. ಹಿಡಿದುಕೊಂಡಿರು.

ನಾನು ಸಹಿ ಮಾಡದ ಪ್ರತಿ ತಿಂಗಳೂ ಹೆಚ್ಚು ಬಡ್ಡಿಯಾಗಿ ನಾಲ್ಕು ಸಾವಿರದ ಮುನ್ನೂರು ಸೋರಿಹೋಗುತ್ತದೆ. ಲೆಕ್ಕ ಹಾಕಿ ನೋಡಿದ್ದೇನೆ. ಬಿಡುವಾದಾಗಲೆಲ್ಲ ಹಾಕುತ್ತೇನೆ, ಖುಷಿಯಾಗುತ್ತದೆ. ಅದಕ್ಕೇ ಫೋನು ಬೇಡ, ಪತ್ರ ಬರೆ ಅಂದದ್ದು. ಫೋನಿನಲ್ಲಿ ಎರಡು ನಿಮಿಷದಲ್ಲಿ ಮುಗಿಯುವ ಜಗಳವನ್ನು ಅಂಚೆಯಲ್ಲಿ ಎಷ್ಟು ಚೆನ್ನಾಗಿ ಎಳೆಯಬಹುದು ನೋಡು.

ಫಾರಮ್ಮಿನ ಕಾಗದ ದಪ್ಪಗಿದೆ. ಕಪಾಟಿನ ಅರೆಗೆ ಹಾಸಿದ್ದೇನೆ.

ಅಕ್ಕ


ಮಾರ್ಚ್ 5

ಅಕ್ಕಾ,

ಇನ್ನೊಂದು ಫಾರಂ ಕಳಿಸುತ್ತಿದ್ದೇನೆ. ಇದನ್ನು ಅರೆಗೆ ಹಾಸಬೇಡ.

ನನ್ನ ಹೆಂಡತಿ ಆ ಮಾತು ಯಾಕೆ ಕೇಳಿದಳೆಂದು ಈಗಲಾದರೂ ಕೇಳು. ನೀನು ಎಷ್ಟು ದಿನ ಇರುತ್ತೀಯೆಂದು ಗೊತ್ತಾದರೆ, ಗಾಜನ್ನೆಲ್ಲ ಅಂಗಡಿಗೆ ಸಾಗಿಸಲು ವ್ಯಾನ್ ಹೇಳಬೇಕೋ ಬೇಡವೋ ಎಂದು ತೀರ್ಮಾನಿಸಬಹುದಿತ್ತು. ಒಂದೇ ರಾತ್ರಿಯಾದರೆ ಚಾಪೆ, ಹೆಚ್ಚು ದಿನವಾದರೆ ಮಂಚ. ಅಷ್ಟೇ ಅವಳ ಮನಸ್ಸಿನಲ್ಲಿದ್ದದ್ದು. ನಿನ್ನ ಪತ್ರ ಓದಿಸಿದೆ. "ನಾನು ವ್ಯಾನ್ ಬಗ್ಗೆ ಯೋಚಿಸ್ತಿದ್ದೆ, ಇವರು ನನ್ನನ್ನ ರಾಕ್ಷಸಿ ಮಾಡಿಬಿಟ್ರು" ಎಂದು ಅತ್ತಳು. ಆಮೇಲೆ ಅಳು ನಿಂತಿತು. ಈಗ ನಿನ್ನ ಹೆಸರೆತ್ತಿದರೆ ಏನೂ ಮಾತಾಡುವುದಿಲ್ಲ. ನನಗೆ ಅವಳ ಅಳುವಿಗಿಂತ ಇದೇ ಹೆದರಿಕೆ.

ನಾನು ಯಾಕೆ ತಲೆ ಎತ್ತಲಿಲ್ಲ ಎಂದು ಕೇಳುತ್ತೀಯ. ಆ ತಿಂಗಳು ಕಂತಿಗೆ ಹಣ ಸಾಲದೆ ಗಾಜಿನ ಅಂಗಡಿಯವನ ಹತ್ತಿರ ಕೈಸಾಲ ಮಾಡಿದ್ದೆ. ನಿನ್ನ ಮುಖ ನೋಡಿದರೆ ಎಲ್ಲ ಹೇಳಿಬಿಡುತ್ತೇನೆ ಅನ್ನಿಸಿತು. ಅದಕ್ಕೆ ತಟ್ಟೆ ನೋಡುತ್ತಾ ಕೂತೆ.

ಸಹಿ ಮಾಡು. ಈ ಸಾಲದಲ್ಲಿ ನೀನೂ ಇದ್ದೀಯ. ನಾನು ಮುಳುಗಿದರೆ ನೀನು ದಡದಲ್ಲಿ ನಿಂತು ನೋಡಲು ಆಗುವುದಿಲ್ಲ.

ತಮ್ಮ


ಏಪ್ರಿಲ್ 17

ತಮ್ಮನಿಗೆ,

ವ್ಯಾನಿನ ಕಥೆ ಚೆನ್ನಾಗಿದೆ. ಬಾಗಿಲಲ್ಲಿ ನಿಂತಾಗ ಹೇಳಿದ್ದರೆ ಇನ್ನೂ ಚೆನ್ನಾಗಿರುತ್ತಿತ್ತು.

ನಿಜ ಹೇಳಲೇ? ಅವಳ ಪ್ರಶ್ನೆ ನನ್ನನ್ನು ಅಷ್ಟು ನೋಯಿಸಲಿಲ್ಲ. ಅವಳು ಹೊರಗಿನಿಂದ ಬಂದವಳು, ಕೇಳಿದಳು. ನೀನು ತಲೆಯೆತ್ತಿ "ಇಲ್ಲೇ ಇರ್ತಾಳೆ" ಎಂದು ಎರಡು ಮಾತು ಹೇಳಿದ್ದರೆ ಸಾಕಿತ್ತು. ನಾನು ಇರುತ್ತಿರಲಿಲ್ಲ, ಹೊಲಿಗೆ ಬಿಚ್ಚಿದ ಮರುದಿನವೇ ಹೊರಟುಬಿಡುತ್ತಿದ್ದೆ. ಆ ಎರಡು ಮಾತು ಮಾತ್ರ ಬೇಕಿತ್ತು. ಅಮ್ಮ ಹೋದ ಮೇಲೆ ನಿನ್ನನ್ನು ಓದಿಸಿದ್ದಕ್ಕೆ, ಅಂಗಡಿ ಹಾಕಿಸಿದ್ದಕ್ಕೆ, ಸಹಿ ಹಾಕಿದ್ದಕ್ಕೆ, ಎಲ್ಲದಕ್ಕೂ ಸೇರಿ.

ಅದು ಸಿಗಲಿಲ್ಲ. ಹಾಗಾಗಿ ಇದೂ ಸಿಗುವುದಿಲ್ಲ. ಕಪಾಟಿನ ಎರಡನೇ ಅರೆಯೂ ಈಗ ಚೊಕ್ಕಟವಾಗಿದೆ. ಒಟ್ಟು ಐದು ಅರೆಗಳಿವೆ, ಕಳಿಸುತ್ತಿರು.

ಅಕ್ಕ


ಜೂನ್ 8

ಅಕ್ಕನಿಗೆ,

ನೀನು ಗೆದ್ದೆ.

ನಾವಿಬ್ಬರೂ ಕೂತು ಮಾತಾಡಿದೆವು. ಮನೆಯನ್ನು ನಿನ್ನ ಹೆಸರಿಗೆ ಬರೆದುಕೊಡುತ್ತೇವೆ. ಬ್ಯಾಂಕಿನವರನ್ನು ಕೇಳಿದೆ. ನೀನು ಮೊದಲೇ ಸಾಲದಲ್ಲಿರುವುದರಿಂದ, ಅದರಲ್ಲೂ ನಿನ್ನ ಸಂಬಳ ಖಾಯಂ ಆಗಿರುವುದರಿಂದ, ಅವರ ಅಭ್ಯಂತರವಿಲ್ಲ. ಇನ್ನು ಮುಂದೆ ಕಂತು ನಿನ್ನ ಖಾತೆಯಿಂದ ಹೋಗುತ್ತದೆ. ಇಲ್ಲಿಯವರೆಗೆ ಕಟ್ಟಿದ್ದನ್ನು ನಾನು ವಾಪಸ್ ಕೇಳುವುದಿಲ್ಲ, ಆರು ವರ್ಷದ ಬಾಡಿಗೆ ಅಂದುಕೊಂಡಿದ್ದೇನೆ. ನಾವು ಅಂಗಡಿಯ ಮೇಲಿನ ಬಾಡಿಗೆ ಮನೆಗೆ ಹೋಗುತ್ತೇವೆ.

ಒಮ್ಮೆ ಬಂದು ಮನೆ ನೋಡಿಕೊಂಡು ಹೋಗು ಎಂದು ಹೇಳುವುದು ನನ್ನ ಕರ್ತವ್ಯ. ಹೇಳಿದ್ದೇನೆ. ಆಮೇಲೆ ಹೇಳಲಿಲ್ಲ ಅನ್ನಬೇಡ.

ಈ ಉಪಾಯ ನನ್ನ ಹೆಂಡತಿಯದು.

ತಮ್ಮ


ಜೂನ್ 10

ಪ್ರೀತಿಯ ತಮ್ಮನಿಗೆ ಆಶೀರ್ವಾದಗಳು!

ನೋಡು, ಆಶೀರ್ವಾದ ವಾಪಸ್ ಬಂತು. ನಿನ್ನ ಪತ್ರ ಈಗ ತಾನೇ ಬಂತು, ಈಗಲೇ ಉತ್ತರ. ಸಾಯಂಕಾಲದ ಅಂಚೆಗೇ ಹಾಕುತ್ತೇನೆ.

ಮನೆ ನೋಡಲು ಬರುವುದಿಲ್ಲ. ಒಡತಿಯಾಗದೆ ಹೊಸ್ತಿಲು ತುಳಿಯುವುದಿಲ್ಲ ಎಂದ ಮೇಲೆ ಮುಗಿಯಿತು. ನೇರವಾಗಿ ನೋಂದಣಿ ಕಚೇರಿಗೆ ಬರುತ್ತೇನೆ, ನೀವು ಸಾಮಾನು ಸಾಗಿಸಿದ ಮೇಲೆ ಅಲ್ಲಿಂದ ಬೀಗದ ಕೈ ಹಿಡಿದು ಮನೆಗೆ. ಆರು ವರ್ಷ ಹೋಗಿ ಬಂದು ಮಾಡಿದ ಮನೆಯಲ್ಲಿ ನೋಡುವುದು ಇನ್ನೇನಿದೆ? ಮೂರನೇ ಮಹಡಿ, ಮುಂದಿನ ರೂಮಿಗೆ ಬೆಳಗಿನ ಬಿಸಿಲು, ಕಿಟಕಿಯಲ್ಲಿ ಎದುರು ಶಾಲೆಯ ಮೈದಾನ. ಕಣ್ಣು ಮುಚ್ಚಿದರೂ ಕಾಣುತ್ತದೆ.

ಮನೆ ಕೈಗೆ ಬಂದ ಮರುದಿನವೇ ಬಡ್ಡಿ ಇಳಿಸಿಕೊಳ್ಳುತ್ತೇನೆ. ನೀನು ಆರು ತಿಂಗಳು ಒದ್ದಾಡಿದ ಕೆಲಸವನ್ನು ನಾನು ಒಂದು ದಿನದಲ್ಲಿ ಮುಗಿಸುವುದನ್ನು ನೋಡು. ನಿನ್ನ ಹೆಂಡತಿಗೂ ಹೇಳು, ನೆಂಟರ ಹಾಗೆ ಬರಲಿ. ಎಷ್ಟು ದಿನ ಇರುತ್ತಾಳೆಂದು ನಾನು ಕೇಳುವುದಿಲ್ಲ. ಕೇಳದೆಯೇ ಸೂಟ್‌ಕೇಸ್ ನೋಡುತ್ತೇನೆ.

ಮನೆಯೊಡತಿ,
ಅಕ್ಕ


ಆಗಸ್ಟ್ 3

ಅಯೋಗ್ಯ,

ಕಿಟಕಿ ತೆರೆದೆ. ಮೈದಾನ ಇಲ್ಲ. ಬಿಸಿಲು ಇಲ್ಲ. ಕೈ ಚಾಚಿದರೆ ಮುಟ್ಟುವಷ್ಟು ಹತ್ತಿರದಲ್ಲಿ ಮೇಲ್ಸೇತುವೆಯ ಕಾಂಕ್ರೀಟು, ಹಗಲೂ ರಾತ್ರಿ ಕೆಲಸ ಮಾಡಿ ಎಬ್ಬಿಸಿದ್ದಾರಂತೆ. ಬೆಳಿಗ್ಗೆ ಹತ್ತು ಗಂಟೆಗೆ ದೀಪ ಹಾಕಿಕೊಂಡು ಈ ಪತ್ರ ಬರೆಯುತ್ತಿದ್ದೇನೆ. ಇದನ್ನೇ ಅಲ್ಲವೇ "ರಸ್ತೆಯುದ್ದಕ್ಕೂ ಏನೋ ಅಗೆಯುತ್ತಿದ್ದಾರೆ" ಎಂದು ಬರೆದದ್ದು?

ಪಕ್ಕದ ಮನೆಯ ಮುದುಕಪ್ಪ ನನ್ನನ್ನು ಕಂಡು ಮರುಗಿದ. "ಬಸ್ಸು ಓಡಾಡೋಕೆ ಶುರುವಾದ್ರೆ ಕಂಡಕ್ಟರು ನಮ್ಮನ್ನೇ ಟಿಕೆಟ್ ಕೇಳ್ತಾನೆ ಬಿಡಮ್ಮ. ನಿಮ್ಮ ತಮ್ಮ ಮಾರೋಕೆ ಎಷ್ಟು ಒದ್ದಾಡಿದ್ರು! ಬ್ಯಾಂಕಿನ ಬಾಕಿಯಷ್ಟೂ ಯಾರೂ ಕೊಡ್ಲಿಲ್ಲ. ನೀವು ಎಷ್ಟಕ್ಕೆ ತಗೊಂಡ್ರಿ?"

ನಾನು ಎಷ್ಟಕ್ಕೆ ತಗೊಂಡೆ ಎಂದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಅಷ್ಟೂ ಲೆಕ್ಕ ನಾನೇ ಹಾಕಿ ನಿನಗೆ ಬರೆದು ಕಳಿಸಿದ್ದೆ. ನಿನ್ನ ಎದೆಗೆ ಚುಚ್ಚಲೆಂದು ಬರೆದದ್ದನ್ನು ಈಗ ಪ್ರತಿ ತಿಂಗಳು ಐದನೇ ತಾರೀಕು ನಾನೇ ನುಂಗಬೇಕು. ಸಂಬಳದ ಅರ್ಧಕ್ಕಿಂತ ಹೆಚ್ಚು ಕಂತಿಗೇ ಹೋಗುತ್ತದೆ.

ಬಡ್ಡಿ ಇಳಿಸಲು ಬ್ಯಾಂಕಿಗೆ ಹೋದೆ. ಅದೇ ಹೆಂಗಸು, ಅದೇ ಕುರ್ಚಿ. "ಮನೆ ನಿಮ್ಮ ಹೆಸರಿಗೆ ಬಂದಿದೆ ಮೇಡಂ, ಸಾಲದಲ್ಲಿ ನಿಮ್ಮ ತಮ್ಮನೂ ಇದ್ದಾರಲ್ಲ. ಇಬ್ಬರ ಸಹಿನೂ ಬೇಕು" ಅಂದಳು. ಆರು ತಿಂಗಳು ನನ್ನ ಕೈಯಲ್ಲಿದ್ದ ಕತ್ತಿಗೆ ಎರಡು ಅಲಗು ಎಂದು ನನಗೆ ಹೊಳೆಯಲೇ ಇಲ್ಲ, ಗೆಲ್ಲುವ ಆತುರದಲ್ಲಿದ್ದೆ.

ನಿನ್ನ, ನಿನ್ನ ಹೆಂಡತಿಯ, ಇಬ್ಬರ ನಂಬರಿನ ಬ್ಲಾಕೂ ತೆಗೆದಿದ್ದೇನೆ. ನಾಲ್ಕು ಸಲ ಕರೆ ಮಾಡಿದೆ. ಎತ್ತಲಿಲ್ಲ. ಫಾರಂ ಜೊತೆಗಿದೆ. ಸಹಿ ಮಾಡಿ ಕೂಡಲೇ ಕಳಿಸು.

ಅಕ್ಕ


ಸೆಪ್ಟೆಂಬರ್ 1

ಅಕ್ಕನಿಗೆ,

ಫೋನ್ ಮಾಡಬೇಡ. ಪತ್ರ ಬರೆ.

ನಿನ್ನ ಪತ್ರ ಆಗಸ್ಟ್ ಏಳಕ್ಕೇ ಬಂತು. ಇಲ್ಲಿನ ಅಂಚೆಯವನು ಚುರುಕು. ಅಂಗಡಿಯ ಗಲ್ಲಾದ ಪಕ್ಕ ಇಟ್ಟುಕೊಂಡು ದಿನಾ ಚಹಾ ಕುಡಿಯುತ್ತೇನೆ. ನೀನು ಹೇಳಿದ್ದು ನಿಜ, ರುಚಿ ಬೇರೆಯೇ.

ಫಾರಮ್ಮಿಗೆ ಒಂದು ಚೆಂದದ ಕಟ್ಟು ಹಾಕಿದ್ದೇನೆ. ಹೊಳೆಯುವ ಗಾಜು, ಚಿನ್ನದ ಬಣ್ಣದ ಅಂಚು. ಅಂಗಡಿಗೆ ಬಂದವರು "ಇದೇನು?" ಎಂದು ಕೇಳುತ್ತಾರೆ. ನನ್ನ ಅಕ್ಕ ಕೊಟ್ಟ ಉಡುಗೊರೆ ಅನ್ನುತ್ತೇನೆ.

ಬಾಡಿಗೆ ಮನೆ ಚಿಕ್ಕದು, ಆದರೆ ನಿದ್ದೆ ಚೆನ್ನಾಗಿ ಬರುತ್ತದೆ. ಐದನೇ ತಾರೀಕು ಈಗ ನಮಗೆ ಬರೀ ಐದನೇ ತಾರೀಕು. ನನ್ನ ಹೆಂಡತಿ ಎಷ್ಟೋ ತಿಂಗಳ ನಂತರ ಮೊನ್ನೆ ನಕ್ಕಳು. ನಿನ್ನನ್ನು ಒಂದು ಮಾತು ಕೇಳಿ ಬರೆಯಲು ಹೇಳಿದ್ದಾಳೆ. ಅವಳು ಹೇಳಿದ ಹಾಗೇ ಬರೆಯುತ್ತೇನೆ:

"ಅಕ್ಕಾ, ಅಲ್ಲಿ ಎಷ್ಟು ದಿನ ಇರ್ತೀರಿ?"

ತಮ್ಮ


ನವೆಂಬರ್ 21

ತಮ್ಮನಿಗೆ,

ನಿನ್ನೆಯಿಂದ ನಿನ್ನ ಹದಿಮೂರು ಮಿಸ್ಡ್ ಕಾಲ್. ಮಧ್ಯೆ ನಿನ್ನ ಹೆಂಡತಿಯದೂ ಎರಡು.

ಕಾರಣ ಬ್ಯಾಂಕಿನ ಹೆಂಗಸು ಹೇಳಿದಳು. ಪಕ್ಕದ ಮಳಿಗೆಯನ್ನೂ ಸೇರಿಸಿಕೊಂಡು, ಗಾಜು ಕತ್ತರಿಸುವ ಯಂತ್ರ ಹಾಕಲು ಸಾಲ ಕೇಳಿದೆಯಂತೆ. "ನಿಮ್ಮ ತಮ್ಮನ ಹೆಸರಲ್ಲಿ ಆಗ್ಲೇ ಮನೆಸಾಲ ಇದೆಯಲ್ಲ ಮೇಡಂ, ಇನ್ನೊಂದು ಕೊಡೋಕಾಗಲ್ಲ ಅಂದೆ" ಎಂದಳು. ಈ ಮಾತು ಎಲ್ಲೋ ಕೇಳಿದ ಹಾಗಿತ್ತು. ಮಳಿಗೆಗೆ ಮುಂಗಡ ಕೊಟ್ಟುಬಿಟ್ಟಿದ್ದೀಯಂತೆ, ಈ ತಿಂಗಳ ಕೊನೆಯೊಳಗೆ ಸಾಲ ಆಗದಿದ್ದರೆ ಅದೂ ಹೋಯಿತಂತೆ. ನಿನ್ನ ಹೆಸರನ್ನು ನನ್ನ ಸಾಲದಿಂದ ತೆಗೆಯಬೇಕಾದರೆ ನನ್ನ ಸಹಿ ಬೇಕು.

ಫಾರಂ ಕಳಿಸು. ಸಹಿ ಮಾಡುವ ಕಡೆ ಪೆನ್ಸಿಲ್ ಗುರುತು ಹಾಕುವುದನ್ನು ಮರೆಯಬೇಡ. ಕಪಾಟನ್ನು ಇಲ್ಲಿಗೂ ತಂದಿದ್ದೇನೆ, ಇನ್ನೂ ಮೂರು ಅರೆ ಬರಿದಾಗಿವೆ. ನೀನು ನನ್ನ ಫಾರಮ್ಮಿಗೆ ಸಹಿ ಹಾಕಿ, ನಾನು ನಿನ್ನದಕ್ಕೆ ಹಾಕಿ, ಇಬ್ಬರೂ ಬಿಡುಗಡೆಯಾಗಬಹುದು ಎಂದು ಆ ಹೆಂಗಸು ಬುದ್ಧಿ ಹೇಳಿದಳು. ಪಾಪ, ಅವಳಿಗೆ ತಮ್ಮಂದಿರಿಲ್ಲ.

ಮೇಲ್ಸೇತುವೆಯ ಮೇಲೆ ಬಸ್ಸು ಓಡಾಡಲು ಶುರುವಾಗಿದೆ. ಕಂತು ಕಟ್ಟಿ ಉಳಿದದ್ದರಲ್ಲಿ ತಿಂಗಳು ದೂಡಲಾಗದೆ, ನನಗೊಂದು ಮಂಚ ತರುವ ಮೊದಲೇ, ಮುಂದಿನ ಹಿಂದಿನ ಎರಡೂ ರೂಮುಗಳನ್ನು ನರ್ಸಿಂಗ್ ಓದುವ ಇಬ್ಬರು ಹುಡುಗಿಯರಿಗೆ ಬಾಡಿಗೆಗೆ ಕೊಟ್ಟೆ. ಸೂಟ್‌ಕೇಸ್ ಹಿಡಿದು ಬಾಗಿಲಲ್ಲಿ ನಿಂತಿದ್ದರು. ಎಷ್ಟು ದಿನ ಇರ್ತೀರಿ ಎಂದು ನನ್ನ ಬಾಯಿಂದಲೇ ಬಂತು. ಬೇರೆ ಏನು ಕೇಳಬೇಕೆಂದು ತೋಚಲಿಲ್ಲ. ನಾನು ಹಾಲಿನಲ್ಲಿ ಚಾಪೆ ಹಾಸಿಕೊಳ್ಳುತ್ತೇನೆ. ಅಕ್ಕನ ರೂಮಿನಲ್ಲಿ ಅಕ್ಕ ಇನ್ನೂ ಒಂದು ರಾತ್ರಿಯೂ ಮಂಚದ ಮೇಲೆ ಮಲಗಿಲ್ಲ.

ನಿನ್ನ ಹೆಂಡತಿ ಕೇಳಿದ್ದಕ್ಕೆ ಉತ್ತರ ಬಾಕಿ ಉಳಿದಿತ್ತು. ಬ್ಯಾಂಕಿನಲ್ಲಿ ಸರಿಯಾಗಿ ಕೇಳಿಕೊಂಡು ಬಂದೆ. ಅವಳಿಗೆ ಹೇಳು: ಇಪ್ಪತ್ತು ವರ್ಷ, ಎಂಟು ತಿಂಗಳು.

ನಿನ್ನ ಹೆಸರೂ ಅಷ್ಟು ದಿನ ನನ್ನ ಜೊತೆ ಇಲ್ಲೇ ಇರುತ್ತದೆ.

ನಿನ್ನ ಸಹ-ಸಾಲಗಾರ್ತಿ,
ಅಕ್ಕ